ನಾಳೆರಾಯರ ಕಾಲದ ಕುಕ್ಕರ್

ಇದು ನಿಜವಾಗಿ ನಡೆದ ಕಥೆ. ಇದರಲ್ಲಿ ಸುಳ್ಳು ಅಂತ ಇರುವುದು ಒಂದೇ ಒಂದು ಮಾತು; ಅದೂ ಕಥೆ ಹೇಳುವವರದ್ದಲ್ಲ, ಟೈಲರ್ ನಾಳೆರಾಯರದ್ದು. ಆ ಮಾತು ಯಾವುದೆಂದು ಅವರ ಅಂಗಡಿಗೆ ಬಟ್ಟೆ ಕೊಟ್ಟು ಬಂದ ಯಾರನ್ನು ಕೇಳಿದರೂ ನಿದ್ದೆಗಣ್ಣಲ್ಲಿ ಒಪ್ಪಿಸುತ್ತಾರೆ: "ಎಲ್ಲಾ ಆಗೋಗಿದೆ, ಕಾಜಾ ಗುಂಡಿ ಮಾತ್ರ ಬಾಕಿ. ನಾಳೆ ಸಂಜೆ ಬನ್ನಿ."

ಕಾಜಾ ಎಂದರೆ ಗುಂಡಿ ತೂರಿಸುವ ತೂತಿನ ಅಂಚಿಗೆ ದಾರ ಸುತ್ತುವ ಕೆಲಸ. ಹೊಲಿಗೆಯಲ್ಲಿ ಅದೇ ಕಟ್ಟಕಡೆಯದು. ರಾಯರು ಹೀಗೆ ಹೇಳುವ ಹೊತ್ತಿನಲ್ಲಿ ಬಟ್ಟೆ ಮಾತ್ರ ಗಿರಾಕಿ ಕೊಟ್ಟ ಚೀಲದಲ್ಲೇ, ಕೊಟ್ಟ ಮಡಿಕೆಯಲ್ಲೇ, ಕತ್ತರಿಯ ಮುಖವನ್ನೂ ನೋಡದೆ ಸುಖವಾಗಿ ಮಲಗಿರುತ್ತಿತ್ತು. ಅಪ್ಪ ಅಮ್ಮ ಪ್ರೀತಿಯಿಂದ ಇಟ್ಟ ಹೆಸರೊಂದು ಅವರಿಗಿತ್ತು. ಬೀದಿಯವರು ಅದನ್ನು ಮರೆತು ನಾಳೆರಾಯರು ಎಂದು ಕರೆಯತೊಡಗಿ ಎಷ್ಟೋ ಕಾಲವಾಗಿತ್ತು.

ಹಾಗಂತ ಕೆಲಸ ಬರದವರಲ್ಲ. ಕೈಗೆತ್ತಿಕೊಂಡರೆ ಅವರಂಥ ಹೊಲಿಗೆ ಸುತ್ತಮುತ್ತ ಎಲ್ಲೂ ಇಲ್ಲ. ಕೈಗೆತ್ತಿಕೊಳ್ಳುವುದೇ ಇಲ್ಲ, ಅಷ್ಟೇ. ಸಲೂನಿನವನು ನಿಶ್ಚಿತಾರ್ಥಕ್ಕೆಂದು ಕೊಟ್ಟಿದ್ದ ಶರ್ಟಿನ ಬಟ್ಟೆ ಇನ್ನೂ ಕಪಾಟಿನಲ್ಲಿತ್ತು. ಅವನ ಮಗಳು ಈಗ ಶಾಲೆಗೆ ಹೋಗುತ್ತಿದ್ದಳು. ಹೆಡ್ ಕಾನ್‌ಸ್ಟೇಬಲ್ ಪ್ಯಾಂಟಿಗೆ ಅಳತೆ ಕೊಡುವಾಗ ಬರೀ ಕಾನ್‌ಸ್ಟೇಬಲ್ ಆಗಿದ್ದರು. ಅವರಿಗೆ ಬಡ್ತಿ ಸಿಕ್ಕಿತು, ಅವರ ಹೊಟ್ಟೆಗೂ ಸಿಕ್ಕಿತು, ಪ್ಯಾಂಟು ಸಿಗಲಿಲ್ಲ. ಟೀ ಅಂಗಡಿಯವನ ಬಾಗಿಲ ಪರದೆಗಂತೂ ಕಾಜಾನೂ ಇಲ್ಲ, ಗುಂಡಿಯೂ ಇಲ್ಲ. ಆದರೂ ಅವನಿಗೂ ಅದೇ ಮಾತು.

ಈ ಸಾಲಿನಲ್ಲಿ ಎಲ್ಲರಿಗಿಂತ ಹಿಂದೆ ನಿಂತವರು ರಾಯರ ಹೆಂಡತಿ. ಬೆಟ್ಟದ ಮೇಲಿನ ಚಳಿ ಊರಿನಲ್ಲಿದ್ದ ಅವರ ಅಕ್ಕ ಒಂದು ಉಣ್ಣೆ ಬಟ್ಟೆ ಕಳಿಸಿ, "ಕೋಟು ಹೊಲಿಸ್ಕೊಂಡು ಬಾ, ಇಲ್ಲಿ ಮಾತಾಡಿದ್ರೆ ಬಾಯಿಂದ ಹೊಗೆ ಬರುತ್ತೆ" ಎಂದು ಹೇಳಿಕಳಿಸಿದ್ದರು. ಗಂಡ ಟೈಲರ್. ಹೊಲಿಸಲು ಬೇರೆ ಕಡೆ ಹೋಗುವ ಹಾಗಿಲ್ಲ. ಚಳಿಗಾಲಗಳು ಬಂದವು, ಹೋದವು. ಅಕ್ಕನ ಮನೆ ಇದ್ದಲ್ಲೇ ಇತ್ತು. ಕೋಟೂ ಇದ್ದಲ್ಲೇ ಇತ್ತು.

ಹೀಗಿರುವಾಗ ಒಂದು ದಿನ ಊಟ ಬಡಿಸುತ್ತಾ ಅವರು ತಣ್ಣಗೆ ಹೇಳಿದರು. "ರೀ, ಭಾನುವಾರ ಬೆಳಗಿನ ಬಸ್ಸಿಗೆ ಅಕ್ಕನ ಮನೆಗೆ ಹೊರಟಿದ್ದೀನಿ."

"ಧಾರಾಳವಾಗಿ ಹೋಗಿಬಾ. ನಿನ್ನ ಕೋಟು ಎಲ್ಲಾ ಆಗೋಗಿದೆ, ಕಾಜಾ..."

"ನಾನು ನಿಮ್ಮ ಗಿರಾಕಿ ಅಲ್ಲ, ಹೆಂಡ್ತಿ. ಪೂರ್ತಿ ಕೇಳಿ. ಕೋಟು ಆದ್ರೆ ಅದನ್ನ ಹಾಕ್ಕೊಂಡು ಹೋಗಿ ಮುಂದಿನ ಭಾನುವಾರ ವಾಪಸ್ ಬರ್ತೀನಿ. ಆಗ್ಲಿಲ್ಲ ಅಂದ್ರೆ ಹಳೇ ಶಾಲು ಹೊದ್ದು ಹೋಗ್ತೀನಿ. ನೀವು ಕೋಟು ಮುಗಿದ ದಿನ ತಗೊಂಡು ಬನ್ನಿ. ಅದನ್ನ ಹಾಕ್ಕೊಂಡೇ ನಾನು ಈ ಮನೆ ಮೆಟ್ಟಿಲು ಹತ್ತೋದು."

ರಾಯರ ತುತ್ತು ಕೈಯಲ್ಲೇ ನಿಂತಿತು. ಆ ದಿನ ಯಾವಾಗ ಬಂದೀತು ಎಂಬುದು ಅವರಿಗಿಂತ ಚೆನ್ನಾಗಿ ಯಾರಿಗೆ ಗೊತ್ತು. ಇನ್ನು ಅಡುಗೆಯನ್ನೂ ತಾವೇ ಮಾಡಿಕೊಳ್ಳಬೇಕು, ಬೈಗುಳವನ್ನೂ ತಾವೇ ಬೈದುಕೊಳ್ಳಬೇಕು.

"ಹೊಲೀಬಾರದು ಅಂತಲ್ಲ ಕಣೇ. ಟೈಮೇ ಇಲ್ಲ."

"ಹಾಗಾದ್ರೆ ನನ್ನ ತಮ್ಮನ್ನ ಕೇಳಿ. ಅವನು ಏನು ಬೇಕಾದ್ರೂ ರಿಪೇರಿ ಮಾಡ್ತಾನೆ."

ತಮ್ಮ ಎಂದರೆ ರಾಯರ ಭಾವಮೈದುನ. ಟೈಲರಿಂಗ್ ಅಂಗಡಿಯ ಪಕ್ಕದಲ್ಲೇ ರೇಡಿಯೊ, ಮಿಕ್ಸಿ, ಫ್ಯಾನು ರಿಪೇರಿ ಮಾಡುತ್ತಿದ್ದ. ಅದು ಹೊಟ್ಟೆಪಾಡು. ಅವನ ನಿಜವಾದ ವಿದ್ಯೆ ಇನ್ನೊಬ್ಬರ ದನಿ ತೆಗೆಯುವುದು. ಹೆಡ್ ಕಾನ್‌ಸ್ಟೇಬಲರ ಹಾಗೆ ಕೆಮ್ಮಿದನೆಂದರೆ ಬೀದಿಯ ಸೈಕಲ್ಲುಗಳೆಲ್ಲ ಬದಿಗೆ ಸರಿಯುತ್ತಿದ್ದವು. ಭಾವನ ದನಿಯಲ್ಲಿ "ನಾಳೆ ಸಂಜೆ" ಎಂದು ತನ್ನ ಅಂಗಡಿಯಲ್ಲೇ ಕೂತು ಕೂಗಿದರೆ ಗಿರಾಕಿಗಳು ಒಳಗೆ ಇಣುಕದೆ ತಿರುಗಿ ಹೋಗುತ್ತಿದ್ದರು. ರಾಯರು ಇದನ್ನೊಂದು ಸಹಾಯ ಎಂದೇ ತಿಳಿದಿದ್ದರು.

ಅವನು ಭಾವನ ಗೋಳು ಕೇಳಿ, ಗಂಭೀರವಾಗಿ ಮೇಜಿನ ಕೆಳಗಿಂದ ಒಂದು ಸಾಮಾನು ಎತ್ತಿಟ್ಟ. ತಳ ಹಳೇ ಪ್ರೆಶರ್ ಕುಕ್ಕರು. ಹೊಟ್ಟೆಗೆ ತೂಕದ ಯಂತ್ರದ ಮುಳ್ಳು. ಪಕ್ಕದಲ್ಲಿ ಫ್ಯಾನಿನ ರೆಗ್ಯುಲೇಟರು. ಮುಚ್ಚಳದ ಮೇಲೆ ಸೀಟಿ.

"ಇದು ಕುಕ್ಕರ್ ಅಲ್ವೇನೋ?"

"ಹೊರಗಿಂದ ಕುಕ್ಕರ್. ನೀವೂ ಹೊರಗಿಂದ ಟೈಲರ್. ಕೇಳಿ ಭಾವ, ನಿಮಗೆ ಟೈಮ್ ಇಲ್ಲ ಅನ್ನೋದು ತಪ್ಪು. ಟೈಮ್ ಊರೆಲ್ಲಾ ಸೋರಿ ಹೋಗ್ತಾ ಇದೆ, ಹಿಡಿದಿಡೋರಿಲ್ಲ. ಜನ ಸುಮ್ನೆ ಕೂತು ವೇಸ್ಟ್ ಮಾಡೋ ಕಡೆ ಇದನ್ನ ತೊಡೆ ಮೇಲೆ ಇಟ್ಕೊಂಡು ಕೂತ್ಕೊಳ್ಳಿ. ಅವರು ಬಿಟ್ಟ ಟೈಮನ್ನ ಇದು ಹೀರ್ಕೊಳ್ಳುತ್ತೆ. ಮುಳ್ಳು ಕೆಂಪು ಗೆರೆಗೆ ಬಂದ್ರೆ ತುಂಬಿದೆ ಅಂತ. ಅಂಗಡೀಲಿ ಮುಚ್ಚಳ ತೆಗೆದು ಹೊಲಿಯೋಕೆ ಕೂತ್ರೆ ಆಯ್ತು, ಟೈಮ್ ಮುಗಿಯೋದೇ ಇಲ್ಲ."

"ಈ ರೆಗ್ಯುಲೇಟರು?"

"ಅದನ್ನ ಮಾತ್ರ ಮುಟ್ಬೇಡಿ. ಒಂದರಲ್ಲಿದ್ರೆ ನಾವಿರೋ ಲೋಕ. ಎರಡಕ್ಕೆ ತಿರುಗಿಸಿದ್ರೆ ಸೀಟಿ ಹೊಡೆದು ಪಕ್ಕದ ಲೋಕಕ್ಕೆ ಹೋಗಿಬಿಡ್ತೀರ. ಅಲ್ಲೂ ಇದೇ ಬೀದಿ, ಇದೇ ಜನ. ಆದ್ರೆ ಎಲ್ಲಾ ಸ್ವಲ್ಪ ಹಿಂದುಮುಂದು."

"ಮೂರು?"

"ಮೂರು ಕೆಟ್ಟಿದೆ. ಫ್ಯಾನಲ್ಲಿದ್ದಾಗಿಂದ್ಲೂ ಕೆಟ್ಟಿದೆ."

ಆ ಕೊನೆಯ ಮಾತಿನಿಂದಲೇ ರಾಯರಿಗೆ ಪೂರ್ತಿ ನಂಬಿಕೆ ಬಂತು. ಸುಳ್ಳು ಹೇಳುವವನು ತನ್ನ ಯಂತ್ರದಲ್ಲಿ ಕೆಟ್ಟದ್ದಿದೆ ಎಂದು ಯಾಕೆ ಹೇಳುತ್ತಾನೆ.

ಕಾಲದ ಒಳ್ಳೆಯ ಫಸಲು ಸಿಗುವುದು ಎಲ್ಲಿ ಎಂದು ರಾಯರಿಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ. ಕುಕ್ಕರನ್ನು ಕಂಕುಳಲ್ಲಿಟ್ಟುಕೊಂಡು ನೇರವಾಗಿ ಊರಿನ ನೀರು ಸರಬರಾಜು ಕಚೇರಿಗೆ ಹೋದರು. ಕಿಟಕಿಯ ಮುಂದೆ ಉದ್ದನೆಯ ಸಾಲು. ಕಿಟಕಿಯ ಹಿಂದೆ ಗುಮಾಸ್ತರು ಪೇಪರಿನ ಪದಬಂಧ ತುಂಬುತ್ತಿದ್ದರು. ರಾಯರು ಬೆಂಚಿನ ಮೇಲೆ ಕೂತು ಕುಕ್ಕರನ್ನು ತೊಡೆಯ ಮೇಲಿಟ್ಟರು. ಮುಳ್ಳು ನಿಧಾನವಾಗಿ ಮೇಲೇರತೊಡಗಿತು. ಅದರೊಳಗೆ ಭಾವಮೈದುನ ಗಡಿಯಾರದ ಸ್ಪ್ರಿಂಗ್ ಸುತ್ತಿಟ್ಟಿದ್ದ ಎಂಬುದು ಓದುಗರಿಗೆ ಗೊತ್ತಾದರೆ ಸಾಕು, ರಾಯರಿಗೆ ಹೇಳಬೇಡಿ.

"ಯಾರ್ರೀ ಅದು, ಕಚೇರೀಲಿ ಅಡುಗೆ ಮಾಡ್ತಿರೋದು?" ಎಂದರು ಗುಮಾಸ್ತರು.

"ಅಡುಗೆ ಅಲ್ಲ ಸ್ವಾಮಿ. ನೀವು ವೇಸ್ಟ್ ಮಾಡ್ತಿರೋ ಟೈಮನ್ನ ತುಂಬ್ಕೊಳ್ತಾ ಇದ್ದೀನಿ. ತಾವು ಏಳೋದೇನೂ ಬೇಡ, ಹೀಗೇ ಮುಂದುವರಿಸಿ. ತುಂಬ ಚೆನ್ನಾಗಿ ಬರ್ತಾ ಇದೆ."

ಸಾಲಿನಲ್ಲಿದ್ದವರು ಕತ್ತು ಚಾಚಿ ಮುಳ್ಳನ್ನು ನೋಡಿದರು. ಒಬ್ಬಾಕೆ, "ಅದರಲ್ಲಿ ನಂದೂ ಇದೆ, ಬೆಳಗ್ಗೆಯಿಂದ ನಿಂತಿದ್ದೀನಿ" ಎಂದರು. ಗುಮಾಸ್ತರ ಕಿವಿ ಕೆಂಪಾಯಿತು.

"ಇದು ಕಚೇರಿ ಟೈಮು. ಇಲ್ಲಿ ವೇಸ್ಟ್ ಆಗಿದ್ದೆಲ್ಲಾ ಕಚೇರಿಗೇ ಸೇರಿದ್ದು. ಪರ್ಮಿಷನ್ ಇಲ್ಲದೆ ಹೊರಗೆ ಸಾಗಿಸೋ ಹಾಗಿಲ್ಲ." ಹಾಗೆಂದವರೇ ಪೇಪರು ಮಡಿಸಿ, ಕನ್ನಡಕ ಏರಿಸಿ, ಟಪಟಪ ಮುದ್ರೆ ಒತ್ತತೊಡಗಿದರು. ನೋಡನೋಡುತ್ತಿದ್ದಂತೆ ಸಾಲು ಕರಗಿತು. ಆ ಕಚೇರಿಯ ಇತಿಹಾಸದಲ್ಲಿ ಅಂಥದ್ದು ಹಿಂದೆ ನಡೆದಿರಲಿಲ್ಲ. ಜನ ರಾಯರಿಗೆ ಕೈಮುಗಿದು ಹೋದರು. ರಾಯರು ಮಾತ್ರ, "ಒಳ್ಳೇ ಫಸಲು ಬರೋ ಜಾಗ ಹಾಳು ಮಾಡಿಬಿಟ್ರಲ್ಲ ಸ್ವಾಮಿ" ಎಂದು ಗೊಣಗುತ್ತಾ ಎದ್ದರು. ಅಷ್ಟರಲ್ಲಿ ಮುಳ್ಳು ಹೇಗೂ ಕೆಂಪು ಗೆರೆ ಮುಟ್ಟಿತ್ತು.

ಅಂಗಡಿಗೆ ಬಂದು ಮುಚ್ಚಳ ತೆಗೆದರು. ಗೋಡೆ ಗಡಿಯಾರ ನೋಡಿದರು. ಎಣ್ಣೆ ಬಿಡುತ್ತೇನೆಂದು ಬೆಳಿಗ್ಗೆ ಅದನ್ನು ಇಳಿಸಿದ್ದ ಭಾವಮೈದುನ ಅದಕ್ಕೆ ಏನು ಬಿಟ್ಟಿದ್ದನೋ, ಮುಳ್ಳು ಬಸವನಹುಳುವಿನ ಹಾಗೆ ತೆವಳುತ್ತಿತ್ತು. ರಾಯರ ಎದೆ ತುಂಬಿ ಬಂತು. ಇಷ್ಟೊಂದು ಕಾಲ, ಅದೂ ಸ್ವಂತದ್ದು. ಉಣ್ಣೆ ಬಟ್ಟೆಯ ಚೀಲ ತೆಗೆದು ಮೇಜಿನ ಮೇಲಿಟ್ಟರು. ಚಾಕ್ ಚೂಪು ಮಾಡಿದರು. ಆಮೇಲೆ, ಇಷ್ಟೊಂದು ಇರುವಾಗ ಆತುರ ಯಾಕೆ ಎಂದುಕೊಂಡು ಚೀಲದ ಮೇಲೆ ತಲೆಯಿಟ್ಟು ಒಂದು ಸಣ್ಣ ನಿದ್ದೆ ತೆಗೆದರು.

ಎದ್ದಾಗ ಸಂಜೆಯಾಗಿತ್ತು. ಬಾಗಿಲಲ್ಲಿ ಭಾವಮೈದುನ ಹಣೆಗೆ ಕೈ ಹಚ್ಚಿ ನಿಂತಿದ್ದ.

"ಎಲ್ಲಾ ಟೈಮ್ ಖರ್ಚು ಮಾಡಿದ್ರಾ ಭಾವ? ನಿದ್ದೆಗೆ?"

"ಉಣ್ಣೆ ಬಟ್ಟೆ ಒಳ್ಳೇದಿದೆ ಕಣೋ. ತುಂಬ ಬೆಚ್ಚಗಿದೆ."

ಹೀಗೆ ಶನಿವಾರ ಬೆಳಗಾಯಿತು. ಮನೆಯಲ್ಲಿ ಪೆಟ್ಟಿಗೆ ತುಂಬುವ ಸದ್ದು. ಪೆಟ್ಟಿಗೆಯ ಮೇಲೆ ಹಳೇ ಶಾಲು. ಅದನ್ನು ನೋಡಿ ಅಂಗಡಿಗೆ ಬಂದ ರಾಯರು ಕುಕ್ಕರಿನ ಮುಂದೆ ಕೂತು ತಮ್ಮ ಬದುಕಿನಲ್ಲಿ ಮೊದಲ ಬಾರಿಗೆ ಆಳವಾಗಿ ಯೋಚಿಸಿದರು. ಪಕ್ಕದ ಲೋಕದಲ್ಲಿ ಎಲ್ಲವೂ ಹಿಂದುಮುಂದು. ಅಂದರೆ ಅಲ್ಲಿ ತಮ್ಮ ಕೆಲಸ ಮುಂದಿರಬೇಕು. ಅಂದರೆ ಅಲ್ಲಿ ಕೋಟು ಆಗಿಹೋಗಿರಬೇಕು. ಆಗಿರುವ ಕೋಟು ಅಷ್ಟು ಹತ್ತಿರದಲ್ಲಿರುವಾಗ ಇಲ್ಲಿ ಕೂತು ಇನ್ನೊಂದು ಹೊಲಿಯುವುದು ಎಂಥ ದಡ್ಡತನ. ಹೋಗಿ ತಂದರಾಯಿತು.

ರೆಗ್ಯುಲೇಟರನ್ನು ಎರಡಕ್ಕೆ ತಿರುಗಿಸಿದರು. ಸೀಟಿ ಬೀದಿಗೆಲ್ಲ ಕೇಳುವ ಹಾಗೆ ಕೂಗಿತು.

ರಾಯರು ಕಣ್ಣು ಬಿಟ್ಟು ಹೊರಗೆ ಬಂದರು. ಅದೇ ಬೀದಿ, ಅದೇ ಟೀ ಅಂಗಡಿ. ಲೋಕ ಬದಲಾದ ಆಯಾಸಕ್ಕೆ ಒಂದು ಟೀ ಕುಡಿಯೋಣ ಎಂದು ಬೆಂಚಿನ ಮೇಲೆ ಕೂತರು. ಟೀ ಅಂಗಡಿಯವನು ಖಾಲಿ ಲೋಟ ತಂದಿಟ್ಟ.

"ತಗೊಳ್ಳಿ. ಟೀ ಎಲ್ಲಾ ಆಗೋಗಿದೆ, ನೀರು ಕಾಯಿಸೋದು ಮಾತ್ರ ಬಾಕಿ."

"ಕಾಯ್ಸಪ್ಪ ಮತ್ತೆ."

"ಕಾಯಿಸ್ತೀನಿ. ನಾಳೆ ಸಂಜೆ ಬನ್ನಿ."

ರಾಯರು ಬೆರಗಾಗಿ ಎದ್ದರು. ಯಂತ್ರ ಕೆಲಸ ಮಾಡಿದೆ ಎನ್ನುವುದಕ್ಕೆ ಇನ್ನೇನು ಸಾಕ್ಷಿ ಬೇಕು. ಇನ್ನು ನೇರ ಮನೆಗೆ ಹೋಗಬೇಕು. ಆದರೆ ಈ ಲೋಕದ ಹೆಂಡತಿಯನ್ನು ಮೊದಲ ಸಲ ನೋಡಲು ಹೋಗುವಾಗ ಗಡ್ಡ ಬಿಟ್ಟುಕೊಂಡು ಹೋದರೆ ಚೆನ್ನಾಗಿರುವುದಿಲ್ಲ. ಸಲೂನಿಗೆ ನುಗ್ಗಿದರು.

ಸಲೂನಿನವನು ನೊರೆ ಹಚ್ಚಿ, ಬಲಗೆನ್ನೆಯನ್ನು ಕನ್ನಡಿಯ ಹಾಗೆ ನುಣುಪಾಗಿಸಿ, ಕತ್ತಿ ಒರೆಸಿ ಒಳಗಿಟ್ಟ.

"ಈ ಕಡೆ?"

"ಗಡ್ಡ ಎಲ್ಲಾ ಆಗೋಗಿದೆ ರಾಯರೇ. ಎಡಗೆನ್ನೆ ಮಾತ್ರ ಬಾಕಿ."

"ಹೀಗೇ ಹೋಗೋದು ಹೇಗಯ್ಯ?"

"ಮೊದಲು ಟ್ರಯಲ್ ನೋಡ್ಕೊಂಡು ಹೋಗಿ. ಬಲಗಡೆ ಬಿಗಿ ಆಯ್ತಾ, ಸಡಿಲ ಬೇಕಾ ಹೇಳಿ. ಎಡಗಡೆ ನಾಳೆ ಸಂಜೆ."

ಅರ್ಧ ನೊರೆಯಲ್ಲೇ ರಾಯರು ಬೀದಿಗೆ ಬಂದು, ನಾಲ್ಕು ರಸ್ತೆ ಕೂಡುವಲ್ಲಿ ನಿಂತಿದ್ದ ಹೆಡ್ ಕಾನ್‌ಸ್ಟೇಬಲರಿಗೆ ದೂರು ಹೇಳಿದರು. ಅವರು ಕೇಳಿಸಿಕೊಂಡು, ಜೇಬಿನಿಂದ ಒಂದು ಹಗ್ಗ ತೆಗೆದು ರಾಯರ ಎದೆ ಸುತ್ತ ಹಿಡಿದರು, ಆಮೇಲೆ ಸೊಂಟದ ಸುತ್ತ.

"ನನ್ನ ಅಳತೆ ಯಾಕೆ ಸ್ವಾಮಿ?"

"ದೂರು ಕೊಟ್ಟೋರದ್ದೂ ಒಂದು ಇರ್ಲಿ. ನಿಮ್ಮ ಕೇಸು ಎಲ್ಲಾ ಆಗೋಗಿದೆ. ಅವನನ್ನ ಹಿಡಿಯೋದು ಮಾತ್ರ ಬಾಕಿ."

"ಯಾವಾಗ ಹಿಡೀತೀರಿ?"

ಹೆಡ್ ಕಾನ್‌ಸ್ಟೇಬಲ್ ಉತ್ತರ ಹೇಳುವ ಮೊದಲೇ ರಾಯರಿಗೆ ಉತ್ತರ ಗೊತ್ತಾಗಿತ್ತು. ಅವರು ಮನೆಯ ಕಡೆ ಓಡಿದರು. ಅವರ ಬೆನ್ನ ಹಿಂದೆ ಬೀದಿಗೆ ಬೀದಿಯೇ ಒಮ್ಮೆಗೇ ಕೆಮ್ಮಿತು. ಪಕ್ಕದ ಲೋಕದಲ್ಲಿ ನೆಗಡಿ ಹೆಚ್ಚು ಎಂದುಕೊಂಡರು.

ಬಾಗಿಲು ತಟ್ಟಿದರು. ಹೆಂಡತಿ ಅರ್ಧ ಬಾಗಿಲು ತೆರೆದು ಮೇಲಿಂದ ಕೆಳಗೆ ನೋಡಿದರು.

"ಯಾರ್ರೀ? ಬಟ್ಟೆ ಕೊಡೋದಾದ್ರೆ ಅಂಗಡಿಗೆ ಹೋಗಿ."

"ನಾನೇ ಕಣೇ."

"ಯಾವ ನಾನು?"

ಇಂಥ ಪ್ರಶ್ನೆಗೆ ಋಷಿಗಳೂ ತಡವರಿಸಿದ್ದಾರೆ. ರಾಯರು, "ಪಕ್ಕದ ಲೋಕದ ನಾನು" ಎಂದರು.

"ಓಹೋ. ನಿಮ್ಮ ಕಡೆ ಅರ್ಧ ಗಡ್ಡ ಫ್ಯಾಷನ್ನಾ?"

"ಅದಿರ್ಲಿ. ನಿನ್ನ ಕೋಟು ಆಗಿದೆಯಾ?"

"ಆಗ್ದೆ ಏನು. ನಮ್ಮೋರು ಹೋದ ಚಳಿಗಾಲಕ್ಕೇ ಒಂದು ಹೊಲಿದು ಕೊಟ್ರು. ಈ ಚಳಿಗಾಲಕ್ಕೆ ಕೇಳದೇನೇ ಇನ್ನೊಂದು ಕೊಟ್ರು. ಎರಡಿಟ್ಕೊಂಡು ಏನ್ಮಾಡ್ಲಿ ಅಂತ ಬೈದೆ. ಅಂಥ ಗಂಡನ್ನ ಬೈಯೋಕೆ ಬೇರೆ ಏನು ಸಿಗುತ್ತೆ ಹೇಳಿ."

"ಹಾಗಾದ್ರೆ ಒಂದು ನನಗೆ..."

ಅಷ್ಟರಲ್ಲಿ ಒಳಕೋಣೆಯಿಂದ ಒಂದು ಸಣ್ಣ ಕೆಮ್ಮು, ಅದರ ಹಿಂದೆಯೇ ದನಿ: "ಯಾರೇ ಅದು ಬಾಗಿಲಲ್ಲಿ?"

ರಾಯರು ಒಂದು ಮೆಟ್ಟಿಲು ಹಿಂದೆ ಸರಿದರು. ಅದು ಅವರದೇ ದನಿ. ಮಾತಿಗೆ ಮುಂಚಿನ ಅದೇ ಕೆಮ್ಮು, ಕೊನೆಗೆ ಅದೇ ಎಳೆತ.

"ನಾನು... ಅಂದ್ರೆ ನೀನು" ಎಂದರು ರಾಯರು.

"ನಾನು ಒಳಗಿದ್ದೀನಲ್ಲ."

"ಹೊರಗೂ ಇದ್ದೀಯ. ನೋಡಯ್ಯ, ನಿನ್ನ ಹೆಂಡ್ತೀದು ಒಂದು ಕೋಟು ಕೊಡು. ನನ್ನ ಹೆಂಡ್ತಿ ನಾಳೆ ಬಸ್ಸಿಗೆ ಹೊರಟಿದ್ದಾಳೆ."

"ಒಬ್ಬರ ಅಳತೆಗೆ ಹೊಲಿದದ್ದು ಇನ್ನೊಬ್ಬರಿಗೆ ಹೇಗಯ್ಯ ಆಗುತ್ತೆ? ನೀನೂ ಟೈಲರ್ ತಾನೆ?"

"ಇಬ್ರೂ ಒಬ್ಬಳೇ ಅಲ್ವಾ?"

"ನನ್ನವಳು ನಕ್ಕು ನಕ್ಕು ಮೈ ತುಂಬ್ಕೊಂಡಿದ್ದಾಳೆ. ನಿನ್ನವಳ ಅಳತೆ ಹೇಳು. ಭುಜ ಎಷ್ಟು? ತೋಳು ಎಷ್ಟು?"

ರಾಯರು ಬಾಯಿ ತೆರೆದರು. ಹೆಡ್ ಕಾನ್‌ಸ್ಟೇಬಲರ ಹಳೇ ಸೊಂಟ, ಹೊಸ ಸೊಂಟ ಎರಡೂ ಅವರಿಗೆ ಬಾಯಿಪಾಠ. ಟೀ ಅಂಗಡಿಯ ಬಾಗಿಲ ಎತ್ತರ ಬಾಯಿಪಾಠ. ಹೆಂಡತಿಯ ತೋಳಿನ ಉದ್ದ ಬಾಯಿಗೆ ಬರಲಿಲ್ಲ. ಬಾಯಿ ತೆರೆದೇ ಇತ್ತು.

"ಅಳತೇನೇ ತಗೊಂಡಿಲ್ವಾ?" ಎಂದಿತು ಒಳಗಿನ ದನಿ, ಕನಿಕರದಿಂದ. "ಹೋಗ್ಲಿ ಬಿಡು. ಅವಳನ್ನ ಈ ಕಡೆ ಕಳಿಸು. ನಾನೇ ಅಳತೆ ತಗೊಂಡು, ನಾಳೆ ಅಂದ್ರೆ ನಾಳೇನೇ ಹೊಲಿದು ಕೊಡ್ತೀನಿ. ಬೇಕಾದ್ರೆ ಇಲ್ಲೇ ಇರ್ಲಿ."

ರಾಯರ ಅರ್ಧ ಗಡ್ಡ ನಿಗುರಿ ನಿಂತಿತು. "ನನ್ನ ಹೆಂಡ್ತಿ ಅಳತೆಗೆ ಟೇಪು ಹಿಡಿದ್ರೆ ಕೈ ಮುರೀತೀನಿ."

"ಮುರಿದ್ರೆ ನಿಂದೇ ಮುರಿಯೋದು."

"ಮುರೀಲಿ" ಎಂದು ಗುಡುಗಿ ರಾಯರು ಬಂದ ದಾರಿಯಲ್ಲೇ ಓಡಿದರು. ಅಂಗಡಿಯಲ್ಲಿ ರೆಗ್ಯುಲೇಟರನ್ನು ಒಂದಕ್ಕೆ ತಿರುಗಿಸಿದರು. ಸೀಟಿ ಕೂಗಿತು. ಟೇಪನ್ನು ಕೊರಳಿಗೆ ಹಾಕಿಕೊಂಡು ಮತ್ತೆ ಮನೆಗೆ ಓಡಿದರು. ದಾರಿಯಲ್ಲಿ ಟೀ ಅಂಗಡಿಯವನು, "ರಾಯರೇ, ಬಿಸಿ ಬಿಸಿ ಟೀ" ಎಂದ. ಸಲೂನಿನವನು ಹೊರಗೆ ಬಂದು, "ಅಯ್ಯೋ, ಯಾರು ಮಾಡಿದ್ದು ಈ ಕೆಲಸ? ನಮ್ಮ ಅಂಗಡೀಲಿ ಹೀಗೆ ಅರ್ಧ ಮಾಡಲ್ಲಪ್ಪ. ಬನ್ನಿ, ಸರಿ ಮಾಡ್ತೀನಿ" ಎಂದ. ರಾಯರು ನಿಲ್ಲಲಿಲ್ಲ.

"ಇದೇನ್ರೀ ಈ ಅವತಾರ?" ಎಂದರು ಹೆಂಡತಿ, ಪೂರ್ತಿ ಬಾಗಿಲು ತೆರೆದು.

"ಕೈ ಎತ್ತು."

ಅವರು ಕೈ ಎತ್ತಿದರು. ರಾಯರು ಭುಜ ಅಳೆದರು, ತೋಳು ಅಳೆದರು, ಬೆನ್ನು ಅಳೆದರು. ಬೆನ್ನು ಕುಲುಕುತ್ತಿತ್ತು.

"ಯಾಕೆ ನಗ್ತೀಯ?"

"ಕಚಗುಳಿ."

"ಒಂದು ಮಾತು. ಯಾರಾದ್ರೂ ನನ್ನ ಥರಾನೇ ಇರೋನು ಬಂದು ಕೋಟು ಹೊಲಿದು ಕೊಡ್ತೀನಿ ಅಂದ್ರೆ, ಹೋಗ್ಬೇಡ."

"ನಿಮ್ಮ ಥರ ಇರೋನು ಕೋಟು ಹೊಲಿದು ಕೊಡ್ತೀನಿ ಅಂದ್ರೆ ನಾನು ನಂಬ್ತೀನೇನ್ರೀ?" ಎಂದು ಅವರು ಗೋಡೆಯ ಕಡೆ ಮುಖ ತಿರುಗಿಸಿಕೊಂಡರು.

ಆ ದಿನ ನಾಳೆರಾಯರ ಮಷೀನು ನಿಲ್ಲಲಿಲ್ಲ. ಕತ್ತರಿ ಉಣ್ಣೆಯ ಮೇಲೆ ಓಡಿತು, ಪೆಡಲು ತಾಳ ಹಾಕಿತು, ಒಳಗಿನ ಅಸ್ತರು ಕೂತಿತು, ತೋಳು ಏರಿತು, ಕಾಲರು ಬಿತ್ತು. ಊಟಕ್ಕೆ ಕರೆದರೆ ಬರಲಿಲ್ಲ. ನಡುನಡುವೆ ಬಾಗಿಲ ಕಡೆ ನೋಡಿ, "ಬಂದ್ರೆ ನೋಡ್ಕೋತೀನಿ" ಎಂದು ಕತ್ತರಿ ಝಳಪಿಸುತ್ತಿದ್ದರು. ಯಾರಿಗೆ ಹೇಳುತ್ತಿದ್ದಾರೆಂದು ಗಿರಾಕಿಗಳಿಗೆ ತಿಳಿಯಲಿಲ್ಲ. ಬಂದವರಿಗೆ ಯಾವ ಸುಳ್ಳನ್ನೂ ಹೇಳಲು ಅವರಿಗೆ ಪುರಸೊತ್ತಿರಲಿಲ್ಲ.

ಭಾನುವಾರ ಬೆಳಿಗ್ಗೆ ಬಸ್ ನಿಲ್ದಾಣಕ್ಕೆ ಬೀದಿಯ ಅರ್ಧ ಜನ ಬಂದಿದ್ದರು. ಒಬ್ಬರು ಅಕ್ಕನ ಮನೆಗೆ ಹೋಗುವುದಕ್ಕೆ ಇಷ್ಟು ಜನ ಯಾಕೆ ಎಂದು ರಾಯರಿಗೆ ಹೊಳೆಯಲಿಲ್ಲ. ಅವರು ಓಡಿ ಬಂದರು: ಒಂದು ಕೆನ್ನೆ ನುಣುಪು, ಇನ್ನೊಂದು ಕೆನ್ನೆ ಕುರುಚಲು, ಕೈಯಲ್ಲಿ ಕೋಟು. ಹೆಂಡತಿ ಶಾಲು ತೆಗೆದು ಕೋಟು ತೊಟ್ಟರು. ಭುಜಕ್ಕೆ ಭುಜ ಕೂತಿತು, ತೋಳು ಮಣಿಕಟ್ಟಿಗೆ ಬಂದು ನಿಂತಿತು. ಹೆಂಡತಿ ಮುಂಭಾಗವನ್ನು ಎಳೆದುಕೊಂಡು ಗುಂಡಿಗಾಗಿ ತಡಕಿದರು. ಕೆಳಗಿನಿಂದ ಮೇಲಿನವರೆಗೆ ತಡಕಿದರು.

"ರೀ, ಇದು ಮುಚ್ಚೋದು ಹೇಗೆ?"

ರಾಯರು ಕೊರಳಿನ ಟೇಪು ಸರಿಮಾಡಿಕೊಂಡರು. "ಎಲ್ಲಾ ಆಗೋಗಿದೆ ಕಣೇ. ಕಾಜಾ ಗುಂಡಿ ಮಾತ್ರ ಬಾಕಿ."

ಆಗ ಎಲ್ಲರ ಹಿಂದಿನಿಂದ ಸಣ್ಣ ಕೆಮ್ಮು, ಅದರ ಹಿಂದೆಯೇ ರಾಯರ ದನಿ: "ಯಾರೇ ಅದು ಬಾಗಿಲಲ್ಲಿ? ನಾನು ಒಳಗಿದ್ದೀನಲ್ಲ."

ರಾಯರು ತಿರುಗಿದರು. ಭಾವಮೈದುನನ ಬಾಯಿ ಇನ್ನೂ ತೆರೆದಿತ್ತು. ಸಲೂನಿನವನು ಕಂಬ ಹಿಡಿದುಕೊಂಡ. ಟೀ ಅಂಗಡಿಯವನು ನೆಲಕ್ಕೆ ಕೂತ. ಹೆಡ್ ಕಾನ್‌ಸ್ಟೇಬಲರ ಹೊಟ್ಟೆ, ಬಡ್ತಿ ಸಮೇತ, ಕುಣಿಯತೊಡಗಿತು. ಹೆಂಡತಿ ಹೊಸ ಕೋಟಿನ ಕಾಲರಿನಲ್ಲಿ ಮುಖ ಮುಚ್ಚಿಕೊಂಡಿದ್ದರು.

ರಾಯರು ಒಬ್ಬೊಬ್ಬರನ್ನೇ ನೋಡಿದರು. ತಮ್ಮ ಎಡಗೆನ್ನೆ ಮುಟ್ಟಿಕೊಂಡರು. ಮೆಲ್ಲಗೆ, "ಹಾಗಾದ್ರೆ ಆ ಗುಮಾಸ್ತರು?" ಎಂದರು.

"ಅವರು ನಮ್ಮ ಕಡೆಯವರಲ್ಲ ಭಾವ" ಎಂದ ಭಾವಮೈದುನ, ಕಣ್ಣೊರೆಸಿಕೊಳ್ಳುತ್ತಾ. "ಅವರು ನಿಜವಾಗ್ಲೂ ಕೆಲಸ ಮಾಡಿದ್ರು. ಅದು ನನಗೂ ಅರ್ಥ ಆಗಿಲ್ಲ."

ಬಸ್ಸಿನವನು ಹಾರ್ನ್ ಹೊಡೆದ. ರಾಯರು ಹೆಂಡತಿಯ ಪೆಟ್ಟಿಗೆ ಎತ್ತಿಕೊಂಡು ಬಸ್ಸು ಹತ್ತಿದರು.

"ನೀವೆಲ್ಲಿಗ್ರೀ?" ಎಂದರು ಹೆಂಡತಿ, ಅವರ ಹಿಂದೆಯೇ ಹತ್ತುತ್ತಾ.

"ಕೂತ್ಕೋ. ಬೆಟ್ಟ ಹತ್ತೋದ್ರೊಳಗೆ ಮುಗಿಸ್ತೀನಿ." ಅಂಗಿಯ ಕಾಲರಿಗೆ ಸಿಕ್ಕಿಸಿದ್ದ ಸೂಜಿ ಕಿತ್ತು, ಜೇಬಿನಿಂದ ದಾರದ ಉಂಡೆ, ಗುಂಡಿಗಳ ಪೊಟ್ಟಣ ತೆಗೆದರು. ಕಿಟಕಿ ಪಕ್ಕ ಕೂತು ಹೆಂಡತಿಯ ಕೋಟಿನ ಅಂಚನ್ನು ತೊಡೆಯ ಮೇಲೆ ಎಳೆದುಕೊಂಡರು.

ಹೆಡ್ ಕಾನ್‌ಸ್ಟೇಬಲ್ ಕಿಟಕಿಯ ಹತ್ತಿರ ಬಂದರು. ಅವರ ನಗು ಸ್ವಲ್ಪ ಕಡಿಮೆಯಾಗಿತ್ತು. "ರಾಯರೇ, ಅಂಗಡಿ?"

"ಬೀಗ ಹಾಕಿದ್ದೀನಿ."

"ಬೀಗದ ಕೈ?"

ರಾಯರು ಜೇಬು ತಟ್ಟಿ ತೋರಿಸಿದರು.

"ನನ್ನ ಪ್ಯಾಂಟು?" ಎಂದರು ಹೆಡ್ ಕಾನ್‌ಸ್ಟೇಬಲ್. "ನನ್ನ ಶರ್ಟು?" ಎಂದ ಸಲೂನಿನವನು. "ಪರದೆ?" ಎಂದು ನೆಲದಿಂದ ಎದ್ದ ಟೀ ಅಂಗಡಿಯವನು.

ಬಸ್ಸು ಹೊರಟಿತು. ರಾಯರು ಕಿಟಕಿಯಿಂದ ಅರ್ಧ ಗಡ್ಡದ ಮುಖ ಹೊರಗೆ ಹಾಕಿ ಏನೋ ಹೇಳಲು ಹೋದರು. ಹೇಳಲಾಗಲಿಲ್ಲ. ನಗು ಬಂದುಬಿಟ್ಟಿತು. ಮೊದಲು ಮೂಗಿನಲ್ಲಿ, ಆಮೇಲೆ ಹೊಟ್ಟೆಯಲ್ಲಿ, ಆಮೇಲೆ ಹಾರ್ನನ್ನೂ ಮೀರಿ. ಅವರು ಹೇಳದೆ ಬಿಟ್ಟ ಮಾತು ಕೆಳಗೆ ನಿಂತವರಿಗೆಲ್ಲ ಬಾಯಿಪಾಠವಾಗಿತ್ತು.

ಬಸ್ಸು ತಿರುವಿನಲ್ಲಿ ಮರೆಯಾದ ಮೇಲೂ ಆ ನಗು ನಿಲ್ದಾಣದಲ್ಲಿ ಕೇಳಿಸುತ್ತಲೇ ಇತ್ತು. ಇದು ಇವನದೇ ಕೆಲಸ ಎಂದು ಎಲ್ಲರೂ ಒಟ್ಟಿಗೆ ಭಾವಮೈದುನನ ಕಡೆ ತಿರುಗಿದರು. ಅವನು ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡು ನಿಂತಿದ್ದ; ನಗು ಮಾತ್ರ ಇನ್ನೂ ಕೇಳಿಸುತ್ತಿತ್ತು.